ಕುಂದದ ಧ್ವನಿಯೂ ಕೇಳುವ ಕಿವಿಯೂ

ಸಂಗೀತವು ದುರ್ಲಭವಾಗಿದ್ದ ಕಾಲದಲ್ಲಿ ಜನರು ಅದು ಇದ್ದಲ್ಲಿಗೆ ನಡೆದುಹೋಗಿ, ಕೂತು, ಕಿವಿಗೊಟ್ಟು ಕೇಳುತ್ತಿದ್ದರು. ಅದು ಸುಲಭವಾದ ಈ ಕಾಲದಲ್ಲಿ ತಾನಾಗಿ ನಮ್ಮ ಬಳಿಗೆ ಬಂದು ನಿಂತರೂ ನಾವು ತಿರುಗಿ ನೋಡುವದಿಲ್ಲ. ಅಡಿಗೆಮನೆಯಲ್ಲಿಯೂ ಬಸ್ಸಿನಲ್ಲಿಯೂ ಅಂಗಡಿಯಲ್ಲಿಯೂ ಪರೀಕ್ಷೆಗೆ ಓದುತ್ತಿರುವ ಬಾಲಕಿಯ ಕಿವಿಯಲ್ಲಿಯೂ ಎಡೆಬಿಡದೆ ಏನೋ ಒಂದು ಹಾಡು ನಡೆದೇ ಇರುತ್ತದೆ. ಅದು ಮುಗಿದ ಮೇಲೆ, ಅದರಲ್ಲಿ ಏನಿತ್ತೆಂದು ಕೇಳಿದರೆ ಉತ್ತರ ಬರುವದಿಲ್ಲ. ಇದು ಸಂಗೀತದ ದೋಷವಲ್ಲ, ಕಿವಿಯ ದೋಷವೂ ಅಲ್ಲ, ಅಭ್ಯಾಸದ ದೋಷ. ಅಭ್ಯಾಸವನ್ನು ತಿದ್ದುವದು ಉಪಾಧ್ಯಾಯಿನಿಯರಿಗೆ ಸಂಬಂಧಪಟ್ಟ ಕೆಲಸವಾದದರಿಂದ, ಈ ವಿಷಯವಾಗಿ ನಮ್ಮ ಶಾಲೆಯ ಹಳೆಯ ವಿದ್ಯಾರ್ಥಿನಿಯರಿಗೂ ಹೆತ್ತವರಿಗೂ ನಾಲ್ಕು ಮಾತುಗಳನ್ನು ಅರಿಕೆಮಾಡಲು ಈ ಸ್ಮರಣಸಂಚಿಕೆಯ ಕೆಲವು ಪುಟಗಳನ್ನು ಉಪಯೋಗಿಸಿಕೊಳ್ಳುತ್ತೇನೆ.

ಈಚೆಗೆ ಸಂಗೀತವನ್ನು ಒದಗಿಸುವವರು ‘ಲಾಸ್‌ಲೆಸ್’ ಎಂಬ ಒಂದು ಮಾತನ್ನು ಬಹಳವಾಗಿ ಸಾರುತ್ತಿದ್ದಾರೆ. ಮೂಲ ಮುದ್ರಣದಲ್ಲಿದ್ದ ಧ್ವನಿಯು ಎಳ್ಳಷ್ಟೂ ಕುಂದದೆ ಕೇಳುವವರಿಗೆ ತಲಪುವದೆಂಬದೇ ಅದರ ಅರ್ಥ. ಇದು ನಿಜವಾಗಿ ಬೇಕಾದದ್ದೋ ಎಂದು ಹುಡುಗಿಯರು ಕೇಳುತ್ತಾರೆ. ಹಣ ಸುಲಿಯುವ ಹೊಸ ಆಡಂಬರವಲ್ಲವೋ ಎಂದು ತಂದೆಗಳು ಕೇಳುತ್ತಾರೆ. ಎರಡೂ ನ್ಯಾಯವಾದ ಪ್ರಶ್ನೆಗಳು. ಬರಿಯ ತರ್ಕದಿಂದ ಇವುಗಳಿಗೆ ಉತ್ತರ ಹೇಳುವದಕ್ಕಿಂತ ಒಂದು ಆಲ್ಬಮನ್ನು ಎದುರಿಗಿಟ್ಟುಕೊಂಡು ವಿಚಾರಿಸುವದು ಲೇಸು.

ಆ ಆಲ್ಬಮಿನ ಹೆಸರು ‘ವಾಟರ್‌ಮಾರ್ಕ್’. ಐರ್ಲೆಂಡಿನ ಎನ್ಯಾ ಎಂಬವರು ಹಾಡಿದ ಇದು ೧೯೮೮ನೆಯ ಇಸವಿಯ ಸೆಪ್ಟೆಂಬರ್ ತಿಂಗಳಲ್ಲಿ ಹೊರಬಂತು. ಎನ್ಯಾ ಅವರು ಹುಟ್ಟಿದ್ದು ೧೯೬೧ರಲ್ಲಿ, ಆ ದ್ವೀಪದ ವಾಯವ್ಯ ಮೂಲೆಯ ಡೊನೆಗಾಲ್ ಸೀಮೆಗೆ ಸೇರಿದ ಗ್ವೀಡೋರಿನಲ್ಲಿ. ಐರಿಷ್ ಭಾಷೆಯು ಮನೆಮಾತಾಗಿ ಉಳಿದುಕೊಂಡಿರುವ ಕೆಲವೇ ಪ್ರದೇಶಗಳಲ್ಲಿ ಅದೊಂದು. ತಂದೆಯವರು ವಾದ್ಯಮೇಳವನ್ನು ನಡಿಸುತ್ತಿದ್ದವರು; ತಾಯಿ ಸಂಗೀತದ ಉಪಾಧ್ಯಾಯಿನಿ. ಮಿಲ್‌ಫರ್ಡ್ ಎಂಬ ಊರಿನಲ್ಲಿ ಸನ್ಯಾಸಿನಿಯರು ನಡಿಸುತ್ತಿದ್ದ ವಸತಿಶಾಲೆಯಲ್ಲಿ ಅವರು ಕಲಿತರು. ಲ್ಯಾಟಿನ್ ಭಾಷೆ, ಶಾಸ್ತ್ರೀಯ ಸಂಗೀತ, ಚಿತ್ರಕಲೆ ಇವುಗಳಲ್ಲಿ ಅಲ್ಲಿಯೇ ಅಭಿರುಚಿ ಹುಟ್ಟಿತು. ಅಣ್ಣಂದಿರೂ ಅಕ್ಕನೂ ಸೋದರಮಾವಂದಿರೂ ಕೂಡಿ ಕಟ್ಟಿದ್ದ ‘ಕ್ಲಾನಡ್’ ಎಂಬ ತಂಡವನ್ನು ೧೯೮೦ರಲ್ಲಿ ಸೇರಿ, ೧೯೮೨ರಲ್ಲಿ ಅದನ್ನು ಬಿಟ್ಟು, ನಿಕಿ ರಯನ್ ಮತ್ತು ರೋಮಾ ರಯನ್ ಎಂಬ ದಂಪತಿಗಳೊಂದಿಗೆ ಕೆಲಸಮಾಡತೊಡಗಿದರು. ರಾಗ ಎನ್ಯಾ ಅವರದು, ಸಾಹಿತ್ಯ ರೋಮಾ ಅವರದು, ಧ್ವನಿಯ ಜೋಡಣೆ ನಿಕಿ ಅವರದು. ಬಿ.ಬಿ.ಸಿ.ಯವರು ಕೆಲ್ಟ್ ಜನಾಂಗವನ್ನು ಕುರಿತು ೧೯೮೭ರಲ್ಲಿ ತೋರಿಸಿದ ದೂರದರ್ಶನ ಮಾಲೆಗೆ ಇವರು ಮಾಡಿಕೊಟ್ಟ ಸಂಗೀತವೇ ಮುಂದಿನ ‘ವಾಟರ್‌ಮಾರ್ಕ್’ಗೆ ದಾರಿಯಾಯಿತು.

ಹಿನ್ನೆಲೆಯ ಹಾಗೆ ಮೆಲ್ಲಗೆ ಹರಡಿಕೊಳ್ಳುವ ಸಂಗೀತವನ್ನು ‘ಆಂಬಿಯಂಟ್’ ಎಂದು ಕರೆಯುತ್ತಾರೆ. ಇಂಗ್ಲೆಂಡಿನ ಬ್ರಯನ್ ಈನೋ ಎಂಬವರು ೧೯೭೮ರಲ್ಲಿ ವಿಮಾನನಿಲ್ದಾಣಗಳಿಗೆಂದು ಒಂದು ಆಲ್ಬಮನ್ನು ಮಾಡಿ ಈ ಹೆಸರನ್ನು ರೂಢಿಗೆ ತಂದರು. ಇಂಥ ಸಂಗೀತವು ಕಿವಿಗೊಟ್ಟವರಿಗೂ ಫಲ ಕೊಡಬೇಕು, ಕಿವಿಗೊಡದವರಿಗೂ ತೊಂದರೆ ಕೊಡಬಾರದು ಎಂಬದು ಅವರ ಅಭಿಪ್ರಾಯ. ಎನ್ಯಾ ಅವರು ಆ ಪಂಥಕ್ಕೆ ಸೇರಿದವರಲ್ಲವಾದರೂ, ನಿಧಾನವಾದ ನಡೆ, ಉದ್ದಕ್ಕೆ ಎಳೆಯುವ ಅನುರಣನ, ಒಂದರಮೇಲೊಂದು ಹಾಸಿದ ಕಂಠಗಳು ಇವುಗಳಿಂದ ಅವರ ಸಂಗೀತವನ್ನೂ ಕೇಳುವವರು ಅದರ ಜೊತೆಗೇ ಸೇರಿಸಿಕೊಂಡಿದ್ದಾರೆ. ಕೇಳದೆಯೇ ಕೇಳಿಸಿಕೊಳ್ಳುವ ನಮ್ಮ ಕಾಲದ ಅಭ್ಯಾಸಕ್ಕೆ ಇಂಥ ಸಂಗೀತವು ಬಲುಬೇಗನೆ ಬಲಿಯಾಗುತ್ತದೆ. ನಿದ್ರೆಗೆ ಒಳ್ಳೆಯದು, ಓದಿಗೆ ಒಳ್ಳೆಯದು ಎಂದು ಅದನ್ನು ಹಚ್ಚಿಟ್ಟು ಮರೆತುಬಿಡುವವರೇ ಬಹಳ. ಆದಕಾರಣವೇ ಪರೀಕ್ಷೆಗೆ ಇದನ್ನು ಆರಿಸಿಕೊಂಡಿದ್ದೇನೆ.

ಇನ್ನು ‘ಕುಂದುವದು’ ಅಂದರೇನೆಂಬದನ್ನು ತಿಳಿಯಬೇಕು. ೧೯೮೨ರಲ್ಲಿ ಮಾರುಕಟ್ಟೆಗೆ ಬಂದ ಸಿ.ಡಿ.ಯಲ್ಲಿ ಧ್ವನಿಯ ಅಲೆಯನ್ನು ಒಂದು ಸೆಕೆಂಡಿಗೆ ೪೪,೧೦೦ ಸಲ ಅಳೆಯುತ್ತಾರೆ. ಪ್ರತಿಯೊಂದು ಅಳತೆಯನ್ನೂ ೬೫,೫೩೬ ಮೆಟ್ಟಲುಗಳಲ್ಲಿ ಒಂದಾಗಿ ಬರೆದಿಡುತ್ತಾರೆ. ಇದು ಎಡಕ್ಕೊಂದು ಬಲಕ್ಕೊಂದು, ಹೀಗೆ ಎರಡು ಸಾಲು. ಈ ಸಂಖ್ಯೆಯನ್ನು ಸುಮ್ಮನೆ ಆರಿಸಿದ್ದಲ್ಲ. ಮನುಷ್ಯನ ಕಿವಿಯು ಹೆಚ್ಚೆಂದರೆ ಸೆಕೆಂಡಿಗೆ ೨೦,೦೦೦ ಕಂಪನಗಳ ವರೆಗಿನ ಧ್ವನಿಯನ್ನು ಕೇಳಬಲ್ಲದು. ಅತಿ ಮೇಲಿನ ಕಂಪನದ ಎರಡರಷ್ಟಕ್ಕಿಂತ ಹೆಚ್ಚು ಸಲ ಅಳೆದರೆ ಆ ಅಲೆಯನ್ನು ಪೂರ್ಣವಾಗಿ ಮರಳಿ ಕಟ್ಟಬಹುದೆಂಬದು ಗಣಿತದ ನಿಯಮ. ಈ ಲೆಕ್ಕದಂತೆ ಸುಮಾರು ೪೦ ನಿಮಿಷದ ಒಂದು ಆಲ್ಬಮಿಗೆ ೪೨ ಕೋಟಿ ಬೈಟುಗಳಷ್ಟು ಸ್ಥಳ ಬೇಕಾಗುತ್ತದೆ.

ದೂರವಾಣಿಯ ತಂತಿಯ ಮೂಲಕ ಇಷ್ಟನ್ನು ಕಳುಹಿಸುವದು ಆ ದಿನಗಳಲ್ಲಿ ಆಗದ ಮಾತಾಗಿತ್ತು. ಆಗ ಜರ್ಮನಿಯ ಎರ್ಲಾಂಗೆನ್ ಪಟ್ಟಣದ ಫ್ರೌನ್‌ಹೋಫರ್ ಸಂಸ್ಥೆಯಲ್ಲಿ ಕಾರ್ಲ್‌ಹೈಂಜ್ ಬ್ರಾಂಡೆನ್‌ಬುರ್ಗ್ ಮೊದಲಾದವರು ಒಂದು ಉಪಾಯವನ್ನು ಸಿದ್ಧಪಡಿಸಿದರು. ೧೯೯೫ರಿಂದ ಅದರ ಕಡತಗಳು ಎಂಪಿ-ಥ್ರೀ ಎಂಬ ಹೆಸರಿನಿಂದ ಪ್ರಸಿದ್ಧವಾದವು. ಡೋಲು ಬಡಿಯುವಾಗ ಪಕ್ಕದವಳ ಬಳೆಯ ಸಪ್ಪಳವು ಕೇಳಿಸುವದಿಲ್ಲವಷ್ಟೆ. ದೊಡ್ಡ ಧ್ವನಿಯ ಮರೆಯಲ್ಲಿರುವ ಚಿಕ್ಕ ಧ್ವನಿಯನ್ನು ಕಿವಿಯು ಹೇಗೂ ಗಮನಿಸದು. ಹಾಗಾದರೆ ಅದನ್ನು ಬರೆದಿಡುವದೇತಕ್ಕೆ? ಬಿಟ್ಟುಬಿಟ್ಟರಾಯಿತು. ಇದೇ ಅದರ ತತ್ವ. ಈ ಉಪಾಯದಿಂದ, ಸಾಮಾನ್ಯವಾಗಿ ಬಳಕೆಯಲ್ಲಿದ್ದ ಒಂದು ಮಟ್ಟದಲ್ಲಿ, ನಮ್ಮ ೪೨ ಕೋಟಿ ಬೈಟುಗಳು ೪ ಕೋಟಿಗೂ ಕೆಳಗೆ ಇಳಿಯುತ್ತವೆ. ಇದು ಜಾಣತನದ ಕೆಲಸವೆಂಬದರಲ್ಲಿ ಸಂದೇಹವಿಲ್ಲ. ಆದರೆ ಬಿಟ್ಟದ್ದು ಬಿಟ್ಟದ್ದೇ, ಮರಳಿ ಬರುವದಿಲ್ಲ.

ಕುಂದಿಲ್ಲದ ವಿಧಾನವು ಬೇರೆ. ಅದರಲ್ಲಿ ಬಹಳ ಪ್ರಸಿದ್ಧವಾದ ಫ್ಲಾಕ್ ಎಂಬದನ್ನು ಅಮೆರಿಕದ ಜೋಶ್ ಕೋಲ್ಸನ್ ಎಂಬವರು ರಚಿಸಿ ೨೦೦೧ರಲ್ಲಿ ಎಲ್ಲರಿಗೂ ಉಚಿತವಾಗಿ ಕೊಟ್ಟರು. ಹಿಂದಿನ ಅಳತೆಗಳನ್ನು ನೋಡಿ ಮುಂದಿನ ಅಳತೆಯು ಇಷ್ಟಿರಬಹುದೆಂದು ಅದು ಊಹಿಸುತ್ತದೆ. ಊಹೆಗೂ ನಿಜಕ್ಕೂ ನಡುವೆ ಇರುವ ವ್ಯತ್ಯಾಸವನ್ನು ಮಾತ್ರ ಬರೆದಿಡುತ್ತದೆ. ವ್ಯತ್ಯಾಸವು ಚಿಕ್ಕದಾದದರಿಂದ ಬರಹವೂ ಚಿಕ್ಕದು. ಹೀಗೆ ಕಡತವು ಹೆಚ್ಚು ಕಡಿಮೆ ಅರ್ಧಕ್ಕೆ ಇಳಿದರೂ, ಬಿಚ್ಚಿದಾಗ ಒಂದು ಅಂಕೆಯೂ ಬದಲಾಗದೆ ಮೊದಲಿನದೇ ದೊರೆಯುತ್ತದೆ. ನಮ್ಮ ಹೆಣ್ಣುಮಕ್ಕಳಿಗೆ ಸೀರೆಯ ದೃಷ್ಟಾಂತದಿಂದ ಇದು ತಿಳಿದೀತು. ಸೀರೆಯನ್ನು ಒಪ್ಪವಾಗಿ ಮಡಚಿ ಪೆಟ್ಟಿಗೆಯಲ್ಲಿಟ್ಟರೆ ಸ್ಥಳವೂ ಉಳಿಯುತ್ತದೆ, ಬಿಚ್ಚಿದಾಗ ಆರು ಗಜವೂ ಸಿಕ್ಕುತ್ತದೆ. ಒಳಗೆ ಸಿಕ್ಕಿಸಿಕೊಳ್ಳುವ ಭಾಗವು ಹೊರಗಿನವರಿಗೆ ಕಾಣುವದಿಲ್ಲವಲ್ಲಾ ಎಂದು ಅದನ್ನು ಕತ್ತರಿಸಿಟ್ಟರೆ ಸ್ಥಳವು ಇನ್ನೂ ಹೆಚ್ಚು ಉಳಿದೀತು. ನೋಡುವವರಿಗೆ ಏನೂ ತಿಳಿಯದು. ಉಟ್ಟವಳಿಗೆ ತಿಳಿಯದೆ ಇದ್ದೀತೆ?

ಈಗ ಆಲ್ಬಮಿಗೆ ಮರಳೋಣ. ಎನ್ಯಾ ಅವರ ಹಾಡುಗಳಲ್ಲಿ ಕೇಳಿಬರುವ ಗಾಯಕಿಯರ ಮೇಳವು ಮೇಳವಲ್ಲ, ಅವರೊಬ್ಬರೇ. ಒಂದೇ ಸಾಲನ್ನು ಹತ್ತಾರು ಸಲ ಬೇರೆ ಬೇರೆಯಾಗಿ ಹಾಡಿ, ಒಂದರಮೇಲೊಂದು ಇರಿಸಿ, ಆ ಮೇಳವನ್ನು ಕಟ್ಟಿದ್ದಾರೆ. ಯಂತ್ರದಿಂದ ಒಂದೇ ಧ್ವನಿಯನ್ನು ನಕಲುಮಾಡಿ ಹೆಚ್ಚಿಸಿದ್ದಲ್ಲ. ಪ್ರತಿಯೊಂದು ಪದರವನ್ನೂ ಹೊಸದಾಗಿ ಹಾಡಿದ್ದು. ಒಂದು ಸಲಕ್ಕೂ ಇನ್ನೊಂದು ಸಲಕ್ಕೂ ಉಸಿರಿನಲ್ಲಿ, ಸ್ವರ ಹಿಡಿಯುವ ಕ್ಷಣದಲ್ಲಿ, ಕೂದಲೆಳೆಯಷ್ಟು ವ್ಯತ್ಯಾಸವಿರುತ್ತದೆ. ಆ ವ್ಯತ್ಯಾಸಗಳು ಕೂಡಿದ್ದರಿಂದಲೇ ಅದು ಯಂತ್ರದ ಧ್ವನಿಯಂತೆ ಕೇಳದೆ ಜೀವವುಳ್ಳ ಮೇಳದಂತೆ ಕೇಳುತ್ತದೆ. ‘ಕುರ್ಸುಮ್ ಪೆರ್ಫಿಕಿಯೊ’ ಎಂಬ ಲ್ಯಾಟಿನ್ ಹಾಡಿನಲ್ಲಿ ಇದನ್ನು ಚೆನ್ನಾಗಿ ಗುರುತಿಸಬಹುದು. ಓಟವನ್ನು ಮುಗಿಸುತ್ತೇನೆ ಎಂಬದು ಅದರ ಅರ್ಥ. ತಗ್ಗಿನಲ್ಲಿ ಆರಂಭವಾಗಿ ಪದರದಮೇಲೆ ಪದರವಾಗಿ ಏರುವ ಆ ಕಂಠಗಳನ್ನು ನಮ್ಮ ಹಾಡುವ ಮೇಳದ ಹುಡುಗಿಯರಿಗೆ ಕೇಳಿಸಿದಾಗ, ಮೊದಲು ಅವರು ಒಂದೇ ದೊಡ್ಡ ಧ್ವನಿಯೆಂದು ಹೇಳಿದರು. ಮೂರನೆಯ ಸಲ ಕೇಳಿದಾಗ ಮೇಲಿನ ಸಾಲು, ನಡುವಿನ ಸಾಲು, ಕೆಳಗಿನ ಸಾಲು ಎಂದು ಬೆರಳು ಮಡಚಿ ಎಣಿಸತೊಡಗಿದರು.

ಎರಡನೆಯದಾಗಿ, ಧ್ವನಿಯು ಅಡಗುವ ರೀತಿ. ಆಲ್ಬಮಿನ ಮೊದಲನೆಯದಾದ ‘ವಾಟರ್‌ಮಾರ್ಕ್’ ಎಂಬದೂ ನಡುವಿನ ‘ಮಿಸ್ ಕ್ಲೇರ್ ರಿಮೆಂಬರ್ಸ್’ ಎಂಬದೂ ಮಾತಿಲ್ಲದ ಪಿಯಾನೋ ರಚನೆಗಳು. ಎರಡನೆಯದರ ಹೆಸರನ್ನು, ‘ಮಿಸ್ ರೀಡ್’ ಎಂಬ ಹೆಸರಿನಲ್ಲಿ ಬರೆಯುತ್ತಿದ್ದ ಇಂಗ್ಲೆಂಡಿನ ಕಾದಂಬರಿಕಾರ್ತಿಯ ೧೯೬೨ರ ಪುಸ್ತಕವೊಂದರಿಂದ ತೆಗೆದುಕೊಂಡದ್ದು. ಹಳ್ಳಿಯ ಶಾಲೆಯಲ್ಲಿ ಬಹುಕಾಲ ಪಾಠ ಹೇಳಿದ ಉಪಾಧ್ಯಾಯಿನಿಯೊಬ್ಬಳು ತನ್ನ ಕಳೆದ ದಿನಗಳನ್ನು ನೆನಸಿಕೊಳ್ಳುವ ಕಥೆ ಅದು. ಎರಡು ನಿಮಿಷದ ಈ ಪುಟ್ಟ ರಚನೆಯಲ್ಲಿ ಸ್ವರಗಳು ಬಹಳವಿಲ್ಲ. ಸ್ವರವನ್ನು ನುಡಿಸಿದ ಮೇಲೆ ಅದು ಗಾಳಿಯಲ್ಲಿ ಕರಗುವ ತನಕ ಕಾಯುವದೇ ಇದರ ಸೊಗಸು. ಧ್ವನಿಯನ್ನು ಅತಿಯಾಗಿ ಕುಗ್ಗಿಸಿದ ಕಡತಗಳಲ್ಲಿ ಮೊದಲು ಕೆಡುವದು ಇಂಥ ತುದಿಗಳೇ. ಕರಗಬೇಕಾದ ಸ್ವರವು ನೀರಿನೊಳಗಿಂದ ಬಂದಂತೆ ಗುಳುಗುಳು ಎನ್ನುತ್ತದೆ, ಇಲ್ಲವೆ ಥಟ್ಟನೆ ಮಾಯವಾಗುತ್ತದೆ. ಹಾಗೆಯೇ ‘ಒರಿನೋಕೊ ಫ್ಲೋ’ದಲ್ಲಿ ತಂತಿ ಮೀಟಿದಂತೆ ಚಿಮ್ಮುವ ಸ್ವರಗಳಿವೆ, ೧೯೮೮ರ ಶರತ್ಕಾಲದಲ್ಲಿ ಬ್ರಿಟನ್ನಿನಲ್ಲಿ ೩ ವಾರ ಮೊದಲನೆಯ ಸ್ಥಾನದಲ್ಲಿದ್ದ ಹಾಡು ಇದು. ಅತಿಯಾಗಿ ಕುಗ್ಗಿಸಿದರೆ ಇಂಥ ಮೀಟಿನ ಮೊನೆಯು ಮೊಂಡಾಗುತ್ತದೆ. ಸ್ವರವು ಬರುವದಕ್ಕೆ ಮೊದಲೇ ಅದರ ಸಣ್ಣ ಪಿಸುಗುಟ್ಟು ಕೇಳಿಬರುವದೂ ಉಂಟು.

ಮನುಷ್ಯಕಂಠವನ್ನು ಕುಗ್ಗಿಸುವದು ಎಷ್ಟು ಕಷ್ಟವೆಂಬದಕ್ಕೆ ಎಂಪಿ-ಥ್ರೀಯನ್ನು ರಚಿಸಿದವರ ಅನುಭವವೇ ಸಾಕ್ಷಿ. ಸುಝಾನ್ ವೇಗಾ ಎಂಬವರು ವಾದ್ಯವಿಲ್ಲದೆ ಹಾಡಿದ ‘ಟಾಮ್ಸ್ ಡೈನರ್’ ಎಂಬ ಹಾಡನ್ನು ತಮ್ಮ ಯಂತ್ರದಿಂದ ಹಾಯಿಸಿದಾಗ, ಆ ಶುದ್ಧವಾದ ಕಂಠವು ಅತಿ ವಿಕಾರವಾಗಿ ಹೊರಬಂತು. ಬ್ರಾಂಡೆನ್‌ಬುರ್ಗರು ಆ ಒಂದು ಹಾಡನ್ನೇ ಮತ್ತೆಮತ್ತೆ ಕೇಳಿ ತಮ್ಮ ವಿಧಾನವನ್ನು ತಿದ್ದಿಕೊಳ್ಳಬೇಕಾಯಿತು. ದೊಡ್ಡ ವಾದ್ಯಮೇಳದ ಗದ್ದಲದಲ್ಲಿ ಅಡಗುವ ಕುಂದು ಒಂಟಿ ಕಂಠದ ಎದುರಿಗೆ ಅಡಗಲಾರದು.

ಇಷ್ಟು ಹೇಳಿದ ಮೇಲೆ ಎದುರುಪಕ್ಷದ ಮಾತನ್ನೂ ಹೇಳದಿದ್ದರೆ ನ್ಯಾಯವಾಗದು. ಎಂಪಿ-ಥ್ರೀಯ ಮೇಲಿನ ಮಟ್ಟಗಳಲ್ಲಿ ಚೆನ್ನಾಗಿ ಮಾಡಿದ ಕಡತವನ್ನೂ ಕುಂದಿಲ್ಲದ ಕಡತವನ್ನೂ ಹೆಸರು ಹೇಳದೆ ಕೇಳಿಸಿದರೆ, ಹೆಚ್ಚಿನವರಿಗೆ ವ್ಯತ್ಯಾಸವು ಗೊತ್ತಾಗುವದಿಲ್ಲ. ಇದು ನಿಜ. ಲಾಸ್‌ಲೆಸ್ ಎಂದೊಡನೆ ಕಿವಿಯ ತೆರೆ ಸರಿದಂತಾಯಿತೆಂದು ಉದ್ಗರಿಸುವವರ ಮಾತನ್ನು ಅರ್ಧವಾಗಿ ನಂಬಿದರೆ ಸಾಕು. ಅಲ್ಲದೆ ಈ ವಿಧಾನವು ಇದ್ದದ್ದನ್ನು ಕಾಯುತ್ತದೆಯೇ ಹೊರತು ಇಲ್ಲದ್ದನ್ನು ಉಂಟುಮಾಡಲಾರದು. ಮೂಲ ಮುದ್ರಣವೇ ಕೆಟ್ಟಿದ್ದರೆ ಆ ಕೆಡುಕನ್ನೂ ಅದು ನಿಷ್ಠೆಯಿಂದ ಕಾಯುತ್ತದೆ. ಒಮ್ಮೆ ಎಂಪಿ-ಥ್ರೀಯಾಗಿ ಕುಗ್ಗಿದ್ದನ್ನು ಫ್ಲಾಕಿಗೆ ಬದಲಾಯಿಸಿದರೆ ಕಡತವು ದೊಡ್ಡದಾದೀತಲ್ಲದೆ ಧ್ವನಿಯು ದೊಡ್ಡದಾಗದು.

ಹಾಗಾದರೆ ಕುಂದಿಲ್ಲದ ಧ್ವನಿಯು ಏತಕ್ಕೆ ಬೇಕು? ನನ್ನ ಅಭಿಪ್ರಾಯವನ್ನು ಸ್ಪಷ್ಟವಾಗಿ ಹೇಳುತ್ತೇನೆ. ಕುಗ್ಗಿಸಿದ ಕಡತವು, ನೀನು ಏನನ್ನು ಗಮನಿಸಲಾರೆ ಎಂಬದನ್ನು ನೀನು ಕೇಳುವದಕ್ಕೆ ಮೊದಲೇ ತೀರ್ಮಾನಿಸಿಬಿಡುತ್ತದೆ. ಆ ತೀರ್ಮಾನವು ಹೆಚ್ಚಿನವರ ವಿಷಯದಲ್ಲಿ ಹೆಚ್ಚಿನ ವೇಳೆ ಸರಿಯೇ ಆಗಿರಬಹುದು. ಆದರೆ ಕಿವಿಯು ಕಲಿಯುವಂಥ ಅಂಗ. ಮೊದಲನೆಯ ಸಲ ಒಂದೇ ಧ್ವನಿಯೆಂದ ಹುಡುಗಿ ಮೂರನೆಯ ಸಲ ಮೂರು ಸಾಲುಗಳನ್ನು ಎಣಿಸಿದಳು. ಮೊದಲನೆಯ ಸಲದ ಕಿವಿಗೆ ಇಷ್ಟು ಸಾಕೆಂದು ಅಳೆದು ಕೊಟ್ಟುಬಿಟ್ಟರೆ ಮೂರನೆಯ ಸಲಕ್ಕೆ ಉಳಿಯುವದೇನು? ಈ ಹುಡುಗಿಗೆ ಇಷ್ಟು ಕಲಿಸಿದರೆ ಸಾಕು, ಹೆಚ್ಚಿನದು ಇವಳಿಗೆ ತಿಳಿಯುವದಿಲ್ಲ ಎಂಬ ಮಾತನ್ನು ಹೆಣ್ಣುಮಕ್ಕಳ ಶಾಲೆಗಳು ಬಹುಕಾಲ ಕೇಳಿವೆ. ಆ ಮಾತನ್ನು ಒಪ್ಪದೆ ಇದ್ದದರಿಂದಲೇ ನಮ್ಮಂಥ ಶಾಲೆಗಳು ನಿಂತಿವೆ. ಇಂದು ಗಮನಿಸಲಾರದ್ದನ್ನು ನಾಳೆ ಗಮನಿಸುವಳೆಂದು ನಂಬಿ ಪೂರ್ಣವಾದದ್ದನ್ನೇ ಅವಳ ಮುಂದಿಡುವದು ಶಿಕ್ಷಣ, ಸಂಗೀತದಲ್ಲಿಯೂ ಹಾಗೆಯೇ.

ಪರದೇಶದ ಸಂಗೀತವು ನಮ್ಮ ಮಕ್ಕಳಿಗೇಕೆ ಎಂದು ಕೆಲವರು ಕೇಳಬಹುದು. ನಮ್ಮ ಸಂಗೀತವನ್ನು ಬಿಟ್ಟು ಇದನ್ನು ಹಿಡಿಯಿರೆಂದು ನಾನು ಹೇಳುವದಿಲ್ಲ. ಈ ಆಲ್ಬಮಿನಲ್ಲಿ ದೋಷಗಳಿಲ್ಲವೆಂದೂ ಹೇಳುವದಿಲ್ಲ. ಎಲ್ಲ ಹಾಡುಗಳಿಗೂ ಒಂದೇ ಬಗೆಯ ಅನುರಣನವನ್ನು ಹೊದಿಸಿದ್ದರಿಂದ ಕೆಲವು ಕಡೆ ಸಿಹಿ ಹೆಚ್ಚಾಗಿದೆ. ಕೆಲ್ಟಿಕ್ ಎಂಬ ಹೆಸರು ಅಂಗಡಿಯವರಿಗೆ ಅನುಕೂಲವಾದದ್ದು. ಇದು ಐರ್ಲೆಂಡಿನ ಹಳ್ಳಿಗಳಲ್ಲಿ ಪಿಟೀಲು ಕೊಳಲುಗಳೊಂದಿಗೆ ಬೆಳೆದುಬಂದ ಸಂಪ್ರದಾಯದ ಸಂಗೀತವಲ್ಲ, ವಿದ್ಯುತ್ ವಾದ್ಯಗಳಿಂದ ಕಟ್ಟಿದ್ದು. ಆದರೂ ಒಂದು ವಿಷಯದಲ್ಲಿ ಅದು ನಮಗೆ ಪಾಠ ಹೇಳುತ್ತದೆ. ೧೯ನೆಯ ಶತಮಾನದಲ್ಲಿ ಕ್ಷಾಮದಿಂದಲೂ ವಲಸೆಯಿಂದಲೂ ಇಂಗ್ಲಿಷಿನ ಒತ್ತಡದಿಂದಲೂ ಐರಿಷ್ ಭಾಷೆಯನ್ನಾಡುವವರು ಬಹಳ ಕಡಿಮೆಯಾದರು. ಲೋಕವೆಲ್ಲ ಕೊಂಡ ಆಲ್ಬಮಿನಲ್ಲಿ ‘ಸ್ಟಾರ್ಮ್ಸ್ ಇನ್ ಆಫ್ರಿಕಾ’ ಎಂಬ ಹಾಡನ್ನೂ ಕೊನೆಯ ಕಡೆಯ ‘ನ ಲೇಹ ಗ್ಯಾಲ್ ಮೋಗೆ’ ಎಂಬದನ್ನೂ ಎನ್ಯಾ ಅವರು ಆ ಭಾಷೆಯಲ್ಲಿಯೇ ಹಾಡಿದ್ದಾರೆ. ನನ್ನ ಎಳೆತನದ ಬೆಳಕಿನ ದಿನಗಳು ಎಂಬದು ಈ ಎರಡನೆಯ ಹೆಸರಿನ ಅರ್ಥ. ಭಾಷೆ ತಿಳಿಯದವರೂ ಆ ಕಂಠದಲ್ಲಿಯೂ ಅದರ ಜೊತೆಗೆ ಬರುವ ಐರಿಷ್ ಚೀಲವಾದ್ಯದ ಎಳೆತದಲ್ಲಿಯೂ ಕಳೆದುಹೋದ ಕಾಲದ ಮಮತೆಯನ್ನು ಕೇಳಬಲ್ಲರು. ಇಡೀ ಆಲ್ಬಮಿನಲ್ಲಿ ನಾನು ಮೇಲಾದದ್ದೆಂದು ಎಣಿಸುವದು ಇದನ್ನೂ ಮಿಸ್ ಕ್ಲೇರಳ ಪುಟ್ಟ ಪಿಯಾನೋವನ್ನೂ, ಪ್ರಸಿದ್ಧವಾದ ‘ಒರಿನೋಕೊ’ವನ್ನಲ್ಲ.

ಹೆತ್ತವರು ಮನೆಯಲ್ಲಿ ಮಾಡಬಹುದಾದದ್ದು ಹೆಚ್ಚಿಲ್ಲ. ಬೆಲೆಬಾಳುವ ಯಂತ್ರಗಳನ್ನು ಕೊಳ್ಳಬೇಕಾಗಿಲ್ಲ. ಹಳೆಯ ಸಿ.ಡಿ. ಮನೆಯಲ್ಲಿದ್ದರೆ ಅದೇ ಕುಂದಿಲ್ಲದ ಧ್ವನಿ. ಬೇರೆ ಹಣ ತೆರಬೇಕಾಗಿಲ್ಲ. ಮೊಬೈಲಿನಲ್ಲಿ ಕೇಳುವದಾದರೆ ತಂತಿಯುಳ್ಳ ಸಾಧಾರಣ ಇಯರ್‌ಫೋನು ಸಾಕು. ಸಾಮಾನ್ಯವಾದ ಬ್ಲೂಟೂತ್ ಇಯರ್‌ಫೋನುಗಳಿಗೆ ಧ್ವನಿಯನ್ನು ಕಳುಹಿಸುವಾಗ ಅದು ದಾರಿಯಲ್ಲಿ ಪುನಃ ಕುಗ್ಗುತ್ತದೆ, ಕೊಟ್ಟ ಹಣ ವ್ಯರ್ಥವಾಗುತ್ತದೆ. ವಾರಕ್ಕೊಂದು ಸಲ, ಬೇರೆ ಕೆಲಸವನ್ನು ಕೆಳಗಿಟ್ಟು, ಒಂದು ಆಲ್ಬಮನ್ನು ಮೊದಲಿನಿಂದ ಕೊನೆಯ ತನಕ ಮಗಳೊಂದಿಗೆ ಕೂತು ಕೇಳಿರಿ. ಮುಗಿದ ಮೇಲೆ ಏನು ಕೇಳಿದೆ ಎಂದು ಅವಳನ್ನು ವಿಚಾರಿಸಿರಿ. ಅದು ಎನ್ಯಾ ಆಗಲಿ, ಮಲ್ಲಿಕಾರ್ಜುನ ಮನ್ಸೂರರಾಗಲಿ, ಚಿಂತೆಯಿಲ್ಲ. ಧ್ವನಿಯ ಮಟ್ಟವನ್ನು ತಗ್ಗಿನಲ್ಲಿಡಬೇಕೆಂಬದನ್ನು ವಿಶೇಷವಾಗಿ ಬೇಡುತ್ತೇನೆ. ದೊಡ್ಡವರು ವಾರಕ್ಕೆ ೪೦ ಗಂಟೆ ಕೇಳುವದಾದರೆ ೮೦ ಡೆಸಿಬೆಲ್ಲನ್ನೂ ಮಕ್ಕಳು ೭೫ ಡೆಸಿಬೆಲ್ಲನ್ನೂ ಮೀರಬಾರದೆಂದು ವಿಶ್ವ ಆರೋಗ್ಯ ಸಂಸ್ಥೆಯು ೨೦೧೯ರಲ್ಲಿ ಸೂಚಿಸಿದೆ. ಕಡತದಲ್ಲಿ ಕಳೆದುಹೋದದ್ದನ್ನು ಇನ್ನೊಂದು ಕಡತದಿಂದ ತರಿಸಬಹುದು. ದೊಡ್ಡ ಸದ್ದಿನಿಂದ ಕಿವಿಯಲ್ಲಿ ಕಳೆದುಹೋದದ್ದನ್ನು ಎಲ್ಲಿಂದಲೂ ತರಿಸಲಾಗದು.

ಕಡೆಯದಾಗಿ ಹಳೆಯ ವಿದ್ಯಾರ್ಥಿನಿಯರಿಗೆ ಒಂದು ವಿಜ್ಞಾಪನೆ. ಎನ್ಯಾ ಅವರ ಧ್ವನಿಯನ್ನು ಕಾಯುವದಕ್ಕೆ ದೊಡ್ಡ ಕಂಪೆನಿಗಳಿವೆ. ನಿಮ್ಮ ಅಜ್ಜಿಯ ಜೋಗುಳವನ್ನೂ ತಾಯಿ ಬೀಸುವಾಗ ಹೇಳುತ್ತಿದ್ದ ಪದವನ್ನೂ ನಮ್ಮ ಶಾಲೆಯ ಮೇಳದ ಹಾಡನ್ನೂ ಕಾಯುವವರು ನಿಮ್ಮ ಹೊರತು ಯಾರೂ ಇಲ್ಲ. ಇವುಗಳನ್ನು ಮೊಬೈಲಿನಲ್ಲಿ ಹಿಡಿದು ಒಬ್ಬರಿಂದೊಬ್ಬರಿಗೆ ಕಳುಹಿಸುತ್ತೀರಿ. ಕುಗ್ಗಿದ್ದನ್ನು ಮತ್ತೊಮ್ಮೆ ಕುಗ್ಗಿಸಿದಾಗಲೆಲ್ಲ ಇನ್ನಷ್ಟು ಕಳೆದುಹೋಗುತ್ತದೆ. ಮುದ್ರಿಸುವಾಗಲೇ ವೇವ್ ಅಥವಾ ಫ್ಲಾಕ್ ವಿಧಾನವನ್ನು ಆರಿಸಿರಿ. ಕಳುಹಿಸುವಾಗ ಧ್ವನಿಸಂದೇಶವಾಗಿ ಅಲ್ಲ, ದಾಖಲೆಯ ಕಡತವಾಗಿ ಕಳುಹಿಸಿರಿ. ಎರಡು ಬೇರೆ ಸ್ಥಳಗಳಲ್ಲಿ ಪ್ರತಿಗಳನ್ನಿಡಿರಿ. ಕುಂದಿಲ್ಲದ ಕಡತದ ನೂರನೆಯ ಪ್ರತಿಯೂ ಮೊದಲನೆಯದರಂತೆಯೇ ಇರುತ್ತದೆ. ಶಾಲೆಗೆ ಕಳುಹಿಸಿಕೊಟ್ಟರೆ ನಾವೂ ಒಂದು ಪ್ರತಿಯನ್ನು ಜೋಪಾನವಾಗಿಡುವೆವು.

ಹದಿಮೂರು ವರ್ಷದ ಹುಡುಗಿಯ ಕಂಠವು ಒಂದೆರಡು ವರ್ಷಗಳಲ್ಲಿ ಬದಲಾಗುತ್ತದೆ. ಅಜ್ಜಿಯ ಕಂಠವು ಒಂದು ದಿನ ನಿಲ್ಲುತ್ತದೆ. ಆ ಧ್ವನಿಗಳಲ್ಲಿ ಯಾವ ಉಸಿರು, ಯಾವ ಎಳೆತ ಮುಂದಿನವರಿಗೆ ಬೇಕಾದೀತೆಂಬದನ್ನು ಇಂದು ನಾವು ನಿರ್ಣಯಿಸಲಾರೆವು. ಆದದರಿಂದ ಎಲ್ಲವನ್ನೂ ಉಳಿಸೋಣ. ಉಳಿಸಿದ್ದನ್ನು ಕೂತು ಕೇಳುವ ಮಕ್ಕಳನ್ನೂ ಬೆಳೆಸೋಣ.